ಟಾಮ್ ಕೋವನ್ ಕಂಡ ಅಗ್ರಹಾರ

ಹೋದ ಮಳೆಗಾಲದಲ್ಲಿ ರಾಗಿಗುಡ್ಡದ ಮನೆಗೆ ಬಂದಾಗ ಅಪ್ಪನ ಜೊತೆ ಕೂತು ಮತ್ತೆ ‘ಸಂಸ್ಕಾರ’ ನೋಡಿದೆ. “ಇದು ನಮ್ಮ ಜಿಲ್ಲೆ ಸಿನಿಮಾ ಕಣೋ” ಅಂದ್ರು ಅಪ್ಪ. ಸುಳ್ಳಲ್ಲ. ಕಾದಂಬರಿ ಬರೆದ ಅನಂತಮೂರ್ತಿ ತೀರ್ಥಹಳ್ಳಿ ಕಡೆಯವರು, ನಾರಣಪ್ಪನಾದ ಲಂಕೇಶ್ ಇಲ್ಲೇ ಕೊನಗವಳ್ಳಿಯವರು. ಆದರೆ ಕ್ಯಾಮೆರಾ ಹಿಂದೆ ನಿಂತಿದ್ದವರು ಆಸ್ಟ್ರೇಲಿಯಾದ ಟಾಮ್ ಕೋವನ್!

“ಹೊರಗಿನೋನಿಗೆ ಅಗ್ರಹಾರ ಏನು ಗೊತ್ತು?” ಅಪ್ಪನಿಗೆ ಯಾಕೋ ಕಸಿವಿಸಿ.

ಗೊತ್ತಿಲ್ಲದ್ದೇ ಒಳ್ಳೇದಾಯ್ತೇನೋ. ಪಟ್ಟಾಭಿರಾಮ ರೆಡ್ಡಿ ಅದನ್ನು ಶೃಂಗೇರಿ ಹತ್ತಿರದ ವೈಕುಂಠಪುರದಲ್ಲಿ ಚಿತ್ರಿಸಿದರು. ಮಲೆನಾಡು ಅಂದ ತಕ್ಷಣ ನಮಗೆ ಹಸಿರು, ಜಲಪಾತ, ಈಗಂತೂ ಡ್ರೋನು. ಇಲ್ಲಿ ಎಲ್ಲಾ ಕಪ್ಪು ಬಿಳುಪು, ಹಸಿರಿಗೆ ಜಾಗವೇ ಇಲ್ಲ. ಸುಡದೆ ಬಿದ್ದಿರುವ ಹೆಣ, ಅದು ಮನೆಯಿಂದ ಹೋಗುವ ತನಕ ಉಣ್ಣುವಂತಿಲ್ಲದ ಬ್ರಾಹ್ಮಣರು. ನಮ್ಮವರೇ ಆಗಿದ್ದರೆ ಭಕ್ತಿಗೋ ಸಿಟ್ಟಿಗೋ ಕಣ್ಣು ಕದಲುತ್ತಿತ್ತು ಅನ್ನೋದು ನನ್ನ ಅನುಮಾನ. ಕೋವನ್ ಸುಮ್ಮನೆ ನೋಡುತ್ತಾರೆ.

ಅಷ್ಟು ನೋಡಿದ್ದೇ ಕೆಲವರಿಗೆ ಹೆಚ್ಚಾಯಿತು. ಮದರಾಸಿನ ಸೆನ್ಸಾರ್ ಮಂಡಳಿ ತಡೆಯಿತು. ತಡೆ ತೆರವಾದ ಮೇಲೆ 1970ರ ಅತ್ಯುತ್ತಮ ಚಿತ್ರವೆಂದು ಸ್ವರ್ಣಕಮಲ ಬಂತು, ಕನ್ನಡಕ್ಕೆ ಮೊಟ್ಟಮೊದಲನೆಯದು.

ಕೋವನ್ ತಮ್ಮ ದೇಶದಲ್ಲಿ ನಿರ್ದೇಶಕರೂ ಆದರು. 1972ರಲ್ಲಿ ‘ದಿ ಆಫೀಸ್ ಪಿಕ್‌ನಿಕ್’, 1977ರಲ್ಲಿ ‘ಜರ್ನಿ ಅಮಂಗ್ ವಿಮೆನ್’. ಎರಡನೆಯದು ಸೆರೆಯಿಂದ ಕಾಡಿಗೆ ಓಡಿಹೋಗುವ ಹೆಂಗಸರ ಕಥೆ. ಊರು ಬಿಟ್ಟು ಕಾಡಿನ ದಾರಿ ಹಿಡಿದ ಪ್ರಾಣೇಶಾಚಾರ್ಯ ನೆನಪಾಗದೆ ಇರಲ್ಲ.

ಇಷ್ಟೆಲ್ಲಾ ಹೇಳಿದ ಮೇಲೂ ಅಪ್ಪ ಒಪ್ಪಲಿಲ್ಲ. ಆದರೆ ರಿಮೋಟ್ ತಗೊಂಡು ಟೈಟಲ್ ಕಾರ್ಡಿಗೆ ವಾಪಸ್ ಹೋದರು. “ಏನಂದೆ ಹೆಸರು?”