ವಾದ ಮಾಡಲಿಕ್ಕೂ ಅಪ್ಪಣೆ ಬೇಕೇ?

ಕೋರ್ಟು ಅಂದರೆ ಎರಡೂ ಕಡೆ ಕೇಳಿ ತೀರ್ಪು ಕೊಡುವ ಜಾಗ ಅಂತ ತಾನೆ ನಾವೆಲ್ಲ ಅಂದುಕೊಂಡಿರುವುದು? ಸಿವಿಲ್ ಪ್ರೊಸೀಜರ್ ಕೋಡಿನ 37ನೇ ಆರ್ಡರ್ ಹಾಗಲ್ಲ. ಅದರಡಿ ಸಾಲ ವಸೂಲಿಗೆ ದಾವೆ ಹೂಡಿದರೆ ಪ್ರತಿವಾದಿ ಹತ್ತು ದಿನದೊಳಗೆ ಹಾಜರಿ ಹಾಕಬೇಕು. ಆಮೇಲೆ ಇನ್ನೊಂದು ಸಮನ್ಸ್ ಬರುತ್ತದೆ. ಮತ್ತೆ ಹತ್ತು ದಿನದೊಳಗೆ ಅಫಿಡವಿಟ್ ಕೊಟ್ಟು "ನನಗೂ ವಾದ ಇದೆ, ಅನುಮತಿ ಕೊಡಿ" ಅಂತ ಕೇಳಬೇಕು. ಕೇಳದಿದ್ದರೆ ಡಿಕ್ರಿ! ನಮ್ಮ ಸಾಫ್ಟ್‌ವೇರ್ ಭಾಷೆಯಲ್ಲಿ ಹೇಳುವುದಾದರೆ, ಇಲ್ಲಿ ಡಿಫಾಲ್ಟ್ ಸೆಟ್ಟಿಂಗೇ ಸೋಲು.

ಇದರ ಮೂಲ ಇಂಗ್ಲೆಂಡಿನ 1855ರ ಕಾಯ್ದೆ. ಪ್ರಾಮಿಸರಿ ನೋಟು ಬರೆದುಕೊಟ್ಟವರು ಹುರುಳಿಲ್ಲದ ತಕರಾರು ತೆಗೆದು ಕೇಸು ಎಳೆಯುತ್ತಿದ್ದರಂತೆ. ಅದನ್ನು ತಡೆಯಲು ಹುಟ್ಟಿದ ಈ ಪದ್ಧತಿ 1866ರಲ್ಲಿ ಇಲ್ಲಿಗೂ ಬಂತು. 1908ರ ಕೋಡಿನಲ್ಲಿ 37ನೇ ಆರ್ಡರ್ ಆಯಿತು. ಆದರೆ ಆಗ ಅದು ಕಲ್ಕತ್ತಾ, ಮದ್ರಾಸು, ಬೊಂಬಾಯಿ ಹೈಕೋರ್ಟುಗಳಿಗೆ ಮತ್ತು ಇತರ ಕೆಲವೇ ಕೋರ್ಟುಗಳಿಗೆ ಸೀಮಿತ. 1976ರ ತಿದ್ದುಪಡಿ ಬಾಗಿಲು ಅಗಲ ಮಾಡಿತು. ಸಿಟಿ ಸಿವಿಲ್ ಕೋರ್ಟುಗಳೂ ಸೇರಿದವು. ನೋಟು, ಹುಂಡಿ, ಚೆಕ್ಕಿನ ಜೊತೆಗೆ ಲಿಖಿತ ಕರಾರಿನ ನಿಗದಿತ ಬಾಕಿಯೂ ಸೇರಿತು. 1979ರ ಕಾಯ್ದೆಯಿಂದ ಬೆಂಗಳೂರಿಗೂ ಒಂದು ಸಿಟಿ ಸಿವಿಲ್ ಕೋರ್ಟು ಬಂತು.

ಹಾಗಾಗಿ ಇದು ನಮ್ಮ ಏರಿಯಾದ ವಿಷಯವೂ ಹೌದು. ರಾಜಾಜಿನಗರದಲ್ಲಿ ಲೇತ್ ಮೆಷಿನ್ ಇಟ್ಟುಕೊಂಡವರೊಬ್ಬರು ಸಾಲಕ್ಕೆ ಕಬ್ಬಿಣ ತಂದು, ಭದ್ರತೆಗೆ ಚೆಕ್ ಕೊಟ್ಟರು ಅಂದುಕೊಳ್ಳಿ. ಹಣ ಕಟ್ಟಿಯಾಗಿದೆ, ಆದರೆ ಚೆಕ್ ವಾಪಸ್ ಬಂದಿಲ್ಲ. ಈಗ ಅದೇ ಚೆಕ್ಕಿನ ಮೇಲೆ ದಾವೆ!

ಇಂಥದ್ದೇ ವಾದ 1958ರಲ್ಲಿ ಸುಪ್ರೀಂ ಕೋರ್ಟಿನ ಮುಂದೆ ಬಂದಿತ್ತು (ಸಂತೋಷ್ ಕುಮಾರ್ ವಿರುದ್ಧ ಭಾಯಿ ಮೂಲ್ ಸಿಂಗ್). ಚೆಕ್ಕಿನ ಮೊತ್ತ 60,000 ರೂಪಾಯಿ. ವಿಚಾರಣೆಗೆ ಯೋಗ್ಯವಾದ ಪ್ರಶ್ನೆ ಇದೆ ಅಂತ ಕೆಳ ಕೋರ್ಟೇ ಒಪ್ಪಿತ್ತು. ಆದರೂ ದಾಖಲೆ ಕೊಟ್ಟಿಲ್ಲ ಅಂತ ಭದ್ರತೆ ಕೇಳಿತ್ತು. ಆ ಕಾರಣಕ್ಕೆ ಷರತ್ತು ಹಾಕಿದ್ದು ತಪ್ಪು, ಸಾಕ್ಷ್ಯ ಕೊಡುವ ಕಾಲ ಇನ್ನೂ ಬಂದಿಲ್ಲ ಎಂದರು ನ್ಯಾಯಮೂರ್ತಿ ವಿವಿಯನ್ ಬೋಸ್.

ಇಡೀ ಇತಿಹಾಸದ ಗುಟ್ಟು ಈ ಷರತ್ತಿನಲ್ಲೇ ಇದೆ ಅಂತ ನನಗನ್ನಿಸುತ್ತದೆ. ಕೈ ಬರಿದಾದವನಿಗೆ "ಹಣ ಇಟ್ಟು ಮಾತಾಡು" ಅಂದರೆ "ಮಾತಾಡಬೇಡ" ಅಂದಂತೆಯೇ ಅಲ್ಲವೇ? ಹಾಗಂತ ಎಲ್ಲರನ್ನೂ ಸುಮ್ಮನೆ ಒಳಗೆ ಬಿಟ್ಟರೆ, ರಿಟೈರ್‌ಮೆಂಟ್ ಹಣ ಕೈಸಾಲ ಕೊಟ್ಟ ಹಿರಿಯರು ಸಾಯುವವರೆಗೂ ಕೋರ್ಟು ಅಲೆಯಬೇಕು.

2016ರ ಹಬ್‌ಟೌನ್ ತೀರ್ಪು ಇದಕ್ಕೆ ಮೆಟ್ಟಿಲು ಕಟ್ಟಿತು. ಗಟ್ಟಿ ವಾದವಿದ್ದರೆ ಷರತ್ತಿಲ್ಲ. ಪ್ರಾಮಾಣಿಕತೆಯ ಬಗ್ಗೆ ಅನುಮಾನವಿದ್ದರೆ ಷರತ್ತು ಹಾಕಬಹುದು. ಹುರುಳೇ ಇಲ್ಲದಿದ್ದರೆ ಅನುಮತಿಯಿಲ್ಲ. ಅನುಮತಿ ಕೊಡುವುದೇ ಸಾಮಾನ್ಯ ನಿಯಮ, ನಿರಾಕರಣೆ ಅಪವಾದ ಅಂತ 2022ರಲ್ಲಿ ಬಿ.ಎಲ್. ಕಶ್ಯಪ್ ಕೇಸಿನಲ್ಲಿ ಸುಪ್ರೀಂ ಕೋರ್ಟು ಹೇಳಿದೆ.

ಆದರೆ ಕೇಳದವರಿಗೆ ಈ ಯಾವ ತೀರ್ಪೂ ತಾನಾಗಿ ಕಾಪಾಡಲು ಬರುವುದಿಲ್ಲ. ಮನೆಗೆ ಸಮನ್ಸ್ ಬಂದರೆ ಟಿವಿ ಮೇಲೆ ಇಟ್ಟು ಮರೆಯಬೇಡಿ. ಹತ್ತೇ ದಿನ!