ಖಾಲಿ ವಕಾಲತ್ತು

ಕೃಷ್ಣೆ ತುಂಗಭದ್ರೆಗಳ ನಡುವಣ ಎರೆನೆಲದಲ್ಲಿ, ಸಿಂಧನೂರು ಸೀಮೆಯ ಗೊರೇಬಾಳದಂತಹ ಊರಿನ ರೈತನಿಗೆ ಬದುವಿನ ತಂಟೆಯೊಂದು ದಾವೆಯಾಗಿ ಬೆಳೆಯಿತೆಂದರೆ, ಎದುರಾಳಿಗಿಂತ ಮೊದಲು ಅವನಿಗೆ ಅಡ್ಡವಾಗುತ್ತಿದ್ದುದು ಅಕ್ಷರ. 1853ರಲ್ಲಿ ನಿಜಾಮನಿಂದ ಇಂಗ್ಲಿಷರ ವಶಕ್ಕೆ ಹೋಗಿ 1860ರಲ್ಲಿ ಮರಳಿ ನಿಜಾಮನಿಗೇ ಸೇರಿದ ಈ ದೋಆಬಿನಲ್ಲಿ ಅದಾಲತಿನ ಭಾಷೆ ಮೊದಲು ಪಾರಸಿ, 1884ರ ತರುವಾಯ ಉರ್ದು. ಕಕ್ಷಿದಾರನ ಮನೆಮಾತು ಮಾತ್ರ ಎಂದೂ ಕನ್ನಡ. ಆದಕಾರಣ ವಕೀಲನು ಅವನಿಗೆ ಬರಿಯ ವಾದಿಸುವವನಾಗಿರಲಿಲ್ಲ; ಕಣ್ಣೂ ಕಿವಿಯೂ ನಾಲಗೆಯೂ ಅವನೇ ಆಗಿದ್ದನು.

ಆ ವಕೀಲನಿಗೆ ಅಧಿಕಾರ ಕೊಡುವ ವಕಾಲತ್ತುನಾಮೆಯೆಂಬ ಕಾಗದವನ್ನು ಒಮ್ಮೆ ನಿಧಾನವಾಗಿ ನೋಡಬೇಕು. ದಾವೆ ಹೂಡುವುದಕ್ಕೆ, ಹಣ ಪಡೆದು ರಸೀದಿ ಬರೆದುಕೊಡುವುದಕ್ಕೆ, ರಾಜಿಯಾಗುವುದಕ್ಕೆ, ಬೇಕೆನಿಸಿದರೆ ದಾವೆಯನ್ನೇ ಹಿಂದೆಗೆದುಕೊಳ್ಳುವುದಕ್ಕೆ, ಹೀಗೆ ಮನುಷ್ಯನು ತನ್ನ ಹೊಲದ ವಿಷಯದಲ್ಲಿ ಮಾಡಬಹುದಾದುದೆಲ್ಲವನ್ನೂ ಇನ್ನೊಬ್ಬನ ಕೈಗೆ ಒಪ್ಪಿಸುವ ಸಾಲುಗಳ ಕೆಳಗೆ ಮಸಿ ಸವರಿದ ಹೆಬ್ಬೆಟ್ಟು ಬೀಳಬೇಕು. ಮೇಲಣ ಸಾಲುಗಳನ್ನು ಓದಿ ಹೇಳಿದರೋ ಇಲ್ಲವೋ ಎಂಬುದಕ್ಕೆ ಹೇಳಬೇಕಾದವನ ಧರ್ಮಬುದ್ಧಿಯೊಂದೇ ಸಾಕ್ಷಿ.

ಪರರ ಪರವಾಗಿ ವಾದಿಸುವವನನ್ನು ಶಂಕೆಯಿಂದ ಕಾಣುವುದು ನಮ್ಮಲ್ಲಿ ಹೊಸದಲ್ಲ. ತಂದೆ, ಮಗ, ಸೋದರ ಇವರಾರೂ ಅಲ್ಲದೆ, ನಿಯುಕ್ತನೂ ಅಲ್ಲದೆ ಮತ್ತೊಬ್ಬನ ವ್ಯವಹಾರದಲ್ಲಿ ಬಾಯಿಹಾಕುವವನು ದಂಡನೀಯನೆಂದು ನಾರದಸ್ಮೃತಿಯು ವಿಧಿಸಿತು. ನಿಯುಕ್ತನೇ ವಂಚಿಸಿದರೆ ಗತಿಯೇನೆಂಬುದು, ವಕೀಲರಿಗೆ ಸನದು, ಎಂದರೆ ಪರವಾನಗಿ, ಕೊಡುವ ಕಾಲದ ಚಿಂತೆ.

ತುಂಗಭದ್ರೆಯನ್ನು ದಾಟಿದರೆ ಬಳ್ಳಾರಿ. ಅದು ಮದರಾಸು ಪ್ರಾಂತಕ್ಕೆ ಸೇರಿದ್ದಿತು. ಬ್ರಿಟಿಷ್ ಭಾರತದ 1879ರ ಕಾಯ್ದೆಯ ಮೇರೆಗೆ ವಕೀಲನ ಮೇಲಣ ಆರೋಪವನ್ನು ಕೆಳಗಿನ ನ್ಯಾಯಾಧಿಕಾರಿಯು ವಿಚಾರಿಸಿ ವರದಿ ಮಾಡುತ್ತಿದ್ದನು. ಅಮಾನತುಗೊಳಿಸುವ, ವೃತ್ತಿಯಿಂದ ತೆಗೆದುಹಾಕುವ ಅಧಿಕಾರ ಹೈಕೋರ್ಟಿನದಾಗಿದ್ದಿತು. ಮುಂದಿನ ತಿದ್ದುಪಡಿಗಳು ಕಕ್ಷಿದಾರರನ್ನು ಹಿಡಿದು ತರುವ ದಲ್ಲಾಳಿಗಳ ಹೆಸರಿನ ಪಟ್ಟಿಯನ್ನು ಸಿದ್ಧಪಡಿಸಿ ನ್ಯಾಯಾಲಯದಲ್ಲಿ ತೂಗುಹಾಕಬೇಕೆಂದೂ ವಿಧಿಸಿದುವು. ಓದುಬಾರದವನನ್ನು ಕಾಪಾಡಲು ಗೋಡೆಗೆ ತೂಗಿದ ಬರಹ! ಕಾಯ್ದೆ ಬರೆದವರಿಗೆ ಇದರ ವಿನೋದವು ಹೊಳೆದಿರಲಾರದು.

1926ರ ಕಾಯ್ದೆಯಿಂದ ವಿಚಾರಣೆಯಲ್ಲಿ ವಕೀಲರ ಪರಿಷತ್ತಿಗೂ ಪಾಲು ದೊರೆಯಿತು. ತೀರ್ಪು ಹೈಕೋರ್ಟಿನಲ್ಲಿಯೇ ಉಳಿಯಿತು. 1948ರಲ್ಲಿ ನಿಜಾಮನ ಆಳ್ವಿಕೆ ಮುಗಿದು, 1956ರಲ್ಲಿ ರಾಯಚೂರು ಜಿಲ್ಲೆಯು ಮೈಸೂರು ರಾಜ್ಯವನ್ನು ಕೂಡಿತು. ಅಷ್ಟರಲ್ಲಿ ತುಂಗಭದ್ರೆಯ ಅಣೆಕಟ್ಟು ಮೇಲೆದ್ದು, ಎಡದಂಡೆಯ ಕಾಲುವೆಯ ನೀರಿನಿಂದ ಸಿಂಧನೂರಿನ ಭೂಮಿಗೆ ಬೆಲೆ ಬಂದಿತು. ಭೂಮಿಗೆ ಬೆಲೆ ಬಂದಲ್ಲಿ ದಾವೆಗೂ ಬೆಲೆ ಬರುವುದು ಸಹಜವೇ. ಗೆದ್ದ ಹಣದಲ್ಲಿ ತನಗಿಷ್ಟು ಪಾಲೆಂದು ವಕೀಲನು ಕರಾರು ಮಾಡಿಕೊಳ್ಳುವುದು ವೃತ್ತಿದೋಷವೆಂದು ಸರ್ವೋಚ್ಚ ನ್ಯಾಯಾಲಯವು ಮುಂಬಯಿಯ ಪ್ರಕರಣವೊಂದರಲ್ಲಿ 1954ರಷ್ಟು ಹಿಂದೆಯೇ ನಿರ್ಣಯಿಸಿದ್ದಿತು.

1961ರ ಅಡ್ವೊಕೇಟರ ಕಾಯ್ದೆಯು ಶಿಸ್ತಿನ ಅಧಿಕಾರವನ್ನು ವಕೀಲರ ಕೈಗೇ ಕೊಟ್ಟಿತು. ರಾಜ್ಯದ ವಕೀಲರ ಪರಿಷತ್ತಿನ ಮೂವರ ಸಮಿತಿಯು ಎಚ್ಚರಿಕೆ ಕೊಡಬಹುದು, ಅಮಾನತಿನಲ್ಲಿಡಬಹುದು, ಪಟ್ಟಿಯಿಂದ ಹೆಸರನ್ನೇ ಕಿತ್ತುಹಾಕಬಹುದು. ದೂರನ್ನು ಒಂದು ವರ್ಷದೊಳಗೆ ಮುಗಿಸಬೇಕೆಂಬ ಕಟ್ಟೂ ಉಂಟು. ಆದರೂ ಇದನ್ನು ಸರ್ವೋಚ್ಚ ನ್ಯಾಯಾಲಯವು 2021ರ ಡಿಸೆಂಬರಿನಲ್ಲಿ, ಕರ್ನಾಟಕದಿಂದಲೇ ಹೋದ ಪ್ರಕರಣವೊಂದರಲ್ಲಿ, ಮತ್ತೆ ನೆನಪಿಸಬೇಕಾಯಿತು.

ಹೆಬ್ಬೆಟ್ಟಿನ ಕಾಲ ಕಳೆದರೆ ಈ ವಂಚನೆಯೂ ಕಳೆದೀತೆಂದು ನಂಬಿದವರಿಗೆ ರಾಜಸ್ಥಾನದ ಒಂದು ಪ್ರಕರಣವನ್ನು ತೋರಿಸಬೇಕು. ಬಾಡಿಗೆಯ ಕಟ್ಟಡದಲ್ಲಿ ಶಾಲೆ ನಡೆಸುತ್ತಿದ್ದವರೊಬ್ಬರು ಸಹಿಮಾಡಿ ಕೊಟ್ಟಿದ್ದ ಖಾಲಿ ವಕಾಲತ್ತುನಾಮೆ ಮತ್ತು ಖಾಲಿ ಕಾಗದದಿಂದ, ಅವರಿಗರಿಯದ ರಾಜಿಯೊಂದು ಹುಟ್ಟಿತು. ವಕೀಲನಿಗಾದ ಐದು ವರ್ಷಗಳ ಅಮಾನತನ್ನು ಸರ್ವೋಚ್ಚ ನ್ಯಾಯಾಲಯವು 2000ದ ಡಿಸೆಂಬರಿನಲ್ಲಿ ಎತ್ತಿಹಿಡಿಯಿತು. ಅಲ್ಲಿ ವಂಚಿತನಾದವನಿಗೆ ಓದು ಬರುತ್ತಿದ್ದಿತು. ಕಾಗದದ ಮೇಲೆ ಓದಲು ಏನೂ ಇರಲಿಲ್ಲ.