ಬಿಛ್ರಿಯ ಬಾವಿಗಳು

ಇಂಗ್ಲೆಂಡಿನ ನಾರ್ಫೋಕ್ ಪ್ರಾಂತದಲ್ಲಿ ವಿಲಿಯಂ ಆಲ್ಡ್ರೆಡ್ ಎಂಬವನೊಬ್ಬನಿದ್ದ. ನೆರೆಯವನು ಇವನ ಮನೆಗೆ ಒತ್ತಿ ಹಂದಿಗೂಡು ಕಟ್ಟಿದ. ನಾತ ತಾಳಲಾರದೆ ಆಲ್ಡ್ರೆಡ್ ನ್ಯಾಯಾಲಯದ ಮೆಟ್ಟಿಲೇರಿದ. ಮನುಷ್ಯರ ಆಹಾರಕ್ಕೆ ಹಂದಿ ಬೇಕೇ ಬೇಕು, ಇಷ್ಟು ನಾಜೂಕಾದ ಮೂಗು ಇಟ್ಟುಕೊಂಡರೆ ಹೇಗೆ ಎಂಬುದು ಪ್ರತಿವಾದಿಯ ವಾದ. ನ್ಯಾಯಾಲಯ ಅದನ್ನು ಒಪ್ಪಲಿಲ್ಲ. ಇದು 1610ರ ಮಾತು. ಹೊಗೆಯುಗುಳುವ ಕಾರ್ಖಾನೆಗಳು ಇನ್ನೂ ಹುಟ್ಟಿರಲಿಲ್ಲ. ಆದರೂ ಮುಂದೆ ಅವುಗಳ ಮಾಲೀಕರು ಆಡಲಿದ್ದ ಮಾತೆಲ್ಲ ಹಂದಿಗೂಡಿನ ಒಡೆಯನ ಬಾಯಲ್ಲಿ ಆಗಲೇ ಬಂದುಹೋಗಿತ್ತು.

ಸೇಂಟ್ ಹೆಲೆನ್ಸ್ ಎಂಬಲ್ಲಿಯ ತಾಮ್ರದ ಕುಲುಮೆಯ ಹೊಗೆಗೆ ಟಿಪ್ಪಿಂಗ್ ಎಂಬ ಜಮೀನುದಾರನ ಮರಗಳು ಒಣಗಿದವು. 1865ರಲ್ಲಿ ದಾವೆಯಲ್ಲಿ ಅವನು ಗೆದ್ದ. ಆದರೆ ತೀರ್ಪಿನಲ್ಲಿ ಒಂದು ಕೊಕ್ಕೆ ಉಳಿಯಿತು: ಆಸ್ತಿ ಕೆಟ್ಟರೆ ಪರಿಹಾರವುಂಟು, ಬರಿಯ ಅಸೌಖ್ಯವಾದರೆ ಆ ಪ್ರದೇಶ ಎಂಥದೆಂದು ನೋಡಬೇಕು. ಮರಗಳುಳ್ಳವನಿಗೆ ಒದಗಿದ ಈ ನ್ಯಾಯ ಕುಲುಮೆಯ ಪಕ್ಕದ ಬಾಡಿಗೆ ಮನೆಯಲ್ಲಿ ಕೆಮ್ಮುತ್ತಿದ್ದವನಿಗೆ ಅಷ್ಟಾಗಿ ಒದಗಲಿಲ್ಲವೆಂದೇ ನನ್ನ ಭಾವನೆ.

ನಮ್ಮ ಕಾನೂನಿನ ಕನ್ನಡದಲ್ಲಿ ಇಂಥ ಬಾಧೆಗೆ 'ಉಪದ್ರವ' ಎಂಬ ಹೆಸರಿದೆ. ಕನ್ನಡ ಪಾಠ ಹೇಳಿದವನಾದ ನನಗೆ ಈ ಆಯ್ಕೆ ಬಹಳ ಹಿಡಿಸಿದೆ. ಹಳ್ಳಿಯ ಅಜ್ಜಿಯೂ 'ಏನು ಉಪದ್ರವಪ್ಪಾ' ಎನ್ನುತ್ತಾಳಲ್ಲವೆ? ದಂಡ ಪ್ರಕ್ರಿಯಾ ಸಂಹಿತೆಯ 133ನೆಯ ಪ್ರಕರಣದಂತೆ ಸಾರ್ವಜನಿಕ ಉಪದ್ರವವನ್ನು ತೆಗೆಸಲು ಮ್ಯಾಜಿಸ್ಟ್ರೇಟರಿಗೆ ಅಧಿಕಾರವಿತ್ತು. ಮಧ್ಯಪ್ರದೇಶದ ರತ್ಲಾಮಿನ ಒಂದು ಬಡಾವಣೆಯವರು ತೆರೆದ ಚರಂಡಿಯ ಹೊಲಸು ಮತ್ತು ಮದ್ಯಸಾರದ ಕಾರ್ಖಾನೆಯಿಂದ ಬೀದಿಗೆ ಹರಿದುಬರುತ್ತಿದ್ದ ನಾರುವ ನೀರಿನ ವಿರುದ್ಧ ಈ ದಾರಿಯನ್ನೇ ಹಿಡಿದರು. ಹಣವಿಲ್ಲವೆಂದು ಪುರಸಭೆ ಕೈಚೆಲ್ಲಿತು. 1980ರಲ್ಲಿ ಸರ್ವೋಚ್ಚ ನ್ಯಾಯಾಲಯದ ನ್ಯಾಯಮೂರ್ತಿ ವಿ. ಆರ್. ಕೃಷ್ಣ ಅಯ್ಯರ್ ಆ ನೆಪವನ್ನು ತಳ್ಳಿಹಾಕಿದರು. 2024ರ ಜುಲೈಯಿಂದ ಆ ಸಂಹಿತೆಯ ಸ್ಥಾನದಲ್ಲಿ ಭಾರತೀಯ ನಾಗರಿಕ ಸುರಕ್ಷಾ ಸಂಹಿತೆ ಬಂದಿದೆ. ಅದೇ ಅಧಿಕಾರ ಈಗ ಅದರ 152ನೆಯ ಪ್ರಕರಣದಲ್ಲಿದೆ.

ಚರಂಡಿಯನ್ನು ಮುಚ್ಚಿಸಬಹುದು. ನೆಲದೊಳಗಿನ ನೀರೇ ಕೆಟ್ಟರೆ?

ರಾಜಸ್ಥಾನದ ಉದಯಪುರ ಜಿಲ್ಲೆಯ ಬಿಛ್ರಿ ಎಂಬ ಹಳ್ಳಿಯ ಕಥೆ ಇದು. ಅಲ್ಲಿ ಬಟ್ಟೆಯ ಬಣ್ಣಗಳಿಗೆ ಬೇಕಾದ ಎಚ್-ಆಮ್ಲವನ್ನು ತಯಾರಿಸತೊಡಗಿದರು. ತೀರ್ಪಿನಲ್ಲಿ ಹೇಳಿರುವಂತೆ ಪಾಶ್ಚಾತ್ಯ ದೇಶಗಳು ಅದರ ತಯಾರಿಕೆಯನ್ನು ನಿಷೇಧಿಸಿದ್ದವು. ಬೇಡಿಕೆ ಮಾತ್ರ ನಿಂತಿರಲಿಲ್ಲ. ತಯಾರಾದ ಆಮ್ಲ ಸುಮಾರು 375 ಟನ್ನು. ಅದರ ಗಸಿಯೋ, ಸುಮಾರು 2,400ರಿಂದ 2,500 ಟನ್ನು. ಅದನ್ನು ಬಯಲಿಗೆ ಸುರಿದರು. ಮಳೆಯ ನೀರಿನೊಡನೆ ವಿಷ ಇಳಿಯಿತು. ಬಾವಿಗಳ ನೀರು ಕಪ್ಪಿಟ್ಟಿತು. ಕುಡಿಯಲೂ ಆಗದು, ದನಕ್ಕೂ ಆಗದು, ಗದ್ದೆಗೂ ಆಗದು. ಜನ ರೊಚ್ಚಿಗೆದ್ದಾಗ ಅಲ್ಲಿ 144ನೆಯ ಪ್ರಕರಣ ಜಾರಿಗೆ ಬಂತು. ಕಾರ್ಖಾನೆಯೇನೋ ಮುಚ್ಚಿತು, ಗಸಿ ಮುಚ್ಚಿದ ಕಾರ್ಖಾನೆಯ ಮಾತು ಕೇಳುತ್ತದೆಯೆ?

1989ರಲ್ಲಿ ಪರಿಸರ ಸಂಸ್ಥೆಯೊಂದು ಸರ್ವೋಚ್ಚ ನ್ಯಾಯಾಲಯಕ್ಕೆ ಹೋಯಿತು. ಅಪಾಯದ ಉದ್ಯಮ ನಡೆಸುವವನು ಎಚ್ಚರ ವಹಿಸಿದ್ದೆನೆಂದು ಹೇಳಿ ಪಾರಾಗುವಂತಿಲ್ಲ ಎಂಬ ತತ್ತ್ವವನ್ನು ದೆಹಲಿಯ ಅನಿಲ ಸೋರಿಕೆಯ ಮೊಕದ್ದಮೆಯಲ್ಲಿ 1986ರಲ್ಲಿಯೇ ಆ ನ್ಯಾಯಾಲಯ ಸಾರಿತ್ತು. 1996ರ ಫೆಬ್ರವರಿಯಲ್ಲಿ ನ್ಯಾಯಮೂರ್ತಿ ಬಿ. ಪಿ. ಜೀವನ ರೆಡ್ಡಿಯವರು ಅದನ್ನು ಬಿಛ್ರಿಗೆ ಅನ್ವಯಿಸಿ, ಕೆಡಿಸಿದವನೇ ಸರಿಪಡಿಸುವ ವೆಚ್ಚವನ್ನೂ ತೆರಬೇಕೆಂದರು. ಬಾವಿಗಳಿಗೆ ಅಷ್ಟರಿಂದ ಏನೂ ಆಗಲಿಲ್ಲ. ಒಂದರ ಮೇಲೊಂದು ಅರ್ಜಿ ಬೀಳುತ್ತಲೇ ಇತ್ತು. 2011ರ ಜುಲೈಯಲ್ಲಿ, ಅಂದರೆ 22 ವರ್ಷಗಳ ಮೇಲೆ, ನ್ಯಾಯಾಲಯ ತಾಳ್ಮೆಗೆಟ್ಟು 37.385 ಕೋಟಿ ರೂಪಾಯಿಗೆ 1997ರಿಂದ ಶೇಕಡಾ 12ರ ಚಕ್ರಬಡ್ಡಿ ಸೇರಿಸಿ, ಮೇಲೆ 10 ಲಕ್ಷ ಖರ್ಚು ಹೊರಿಸಿ ಕೊಡುವಂತೆ ವಿಧಿಸಿತು.

ಈಗ 2010ರ ಕಾಯಿದೆಯಿಂದ ರಾಷ್ಟ್ರೀಯ ಹಸಿರು ನ್ಯಾಯಾಧಿಕರಣ ಇದೆ. ದಕ್ಷಿಣದವರಿಗೆ ಅದರ ಪೀಠ ಚೆನ್ನೈಯಲ್ಲಿ. ಬಾಧಿತನೇ ನೇರವಾಗಿ ಅರ್ಜಿ ಹಾಕಬಹುದು, ತಪ್ಪು ಯಾರದೆಂದು ಸಾಧಿಸುತ್ತ ಕೂರಬೇಕಿಲ್ಲ. ಆದರೆ ಪರಿಹಾರದ ಅರ್ಜಿಗೆ ಐದು ವರ್ಷಗಳ ಗಡುವಿದೆ. ಸಕಾರಣವಿದ್ದರೆ ಇನ್ನು 60 ದಿನ. ಬಿಛ್ರಿಯಲ್ಲಿ ನೀರಿನ ಬಣ್ಣವೇ ಕೆಟ್ಟಿತು, ಜನರಿಗೆ ಬೇಗ ತಿಳಿಯಿತು. ಬಣ್ಣವಿಲ್ಲದ, ವಾಸನೆಯಿಲ್ಲದ ವಿಷ ಬಾವಿಗೆ ಇಳಿದರೆ ಆ ಐದು ವರ್ಷವನ್ನು ಯಾವ ದಿನದಿಂದ ಎಣಿಸುವುದು?